ತರಗತಿಗೆ ಬಂದ ಮುಯ್ಯಾಳುಗಳು

ಮೇಷ್ಟ್ರಾದವನಿಗೆ ಪಾಠ ಮಾಡಲು ಬರದಿದ್ದರೂ ಹೇಗೋ ನಡೆದೀತು, ಎದುರಿಗೆ ಮಕ್ಕಳೇ ಇಲ್ಲದಿದ್ದರೆ ಕಷ್ಟ. ಶಿಡ್ಲಘಟ್ಟದ ಹತ್ತಿರದ ಹಳ್ಳಿಯೊಂದರ ಸರ್ಕಾರಿ ಶಾಲೆಯಲ್ಲಿ ನಾನು ಇಂಗ್ಲಿಷ್ ಮೇಷ್ಟ್ರು. ನಮ್ಮ ಮಕ್ಕಳು ಮನೆಯಲ್ಲಿ ತೆಲುಗೋ ಉರ್ದುವೋ ಮಾತಾಡುತ್ತಾರೆ, ಬಯಲಲ್ಲಿ ಕನ್ನಡದಲ್ಲಿ ಜಗಳವಾಡುತ್ತಾರೆ, ನನ್ನ ಪೀರಿಯಡ್ಡಿನಲ್ಲಿ ಸುಮ್ಮನೆ ಕೂರುತ್ತಾರೆ. ಆದರೆ ಯಾರ ಮನೆಯಲ್ಲಾದರೂ ರೇಷ್ಮೆಹುಳು ಹಣ್ಣಾಯಿತೆಂದರೆ ಎಲ್ಲರೂ ಒಂದೇ. ಗೂಡು ಕಟ್ಟಲು ಸಿದ್ಧವಾದ ಹುಳುಗಳನ್ನು ಆರಿಸಿ ಬಿದಿರು ಹೆಣೆದ ಚಂದ್ರಂಕಿ ತಟ್ಟೆಗೆ ಬಿಡಲು ಊರಿಗೆ ಊರೇ ಮುಯ್ಯಾಳಿಗೆ ಹೋಗುತ್ತದೆ. ಇಂದು ನೀವು ನಮ್ಮ ಮನೆಗೆ ದುಡಿದರೆ ನಾಳೆ ನಾವು ನಿಮ್ಮ ಮನೆಗೆ. ಈ ಲೆಕ್ಕದಲ್ಲಿ ನನ್ನ ತರಗತಿಯ ಹಾಜರಾತಿಯನ್ನು ಕೇಳುವವರೇ ಇಲ್ಲ.

ಶಿಕ್ಷಣ ಇಲಾಖೆಯ ಸಾಹೇಬರು ತಪಾಸಣೆಗೆ ಬರುವ ಹಿಂದಿನ ದಿನವೇ ನನ್ನ ವಿದ್ಯಾರ್ಥಿನಿ ಭಾರತಿಯ ಮನೆಯ ಹುಳುಗಳು ಹಣ್ಣಾದವು. ಖಾಲಿ ತರಗತಿ ತೋರಿಸಿದರೆ ನೋಟಿಸ್ ಗ್ಯಾರಂಟಿ ಎಂದು ಹೆಡ್‌ಮೇಡಂ ಹೆದರಿಸಿದರು. ಓಡಿದೆ. ಬಾಗಿಲಲ್ಲೇ ಭಾರತಿಯ ಅಜ್ಜಿ ಅಕ್ಕಯ್ಯಮ್ಮ ನನ್ನನ್ನು ಮೂಸಿ ನೋಡಿದರು.

"ಏಮಪ್ಪಾ, ಪೌಡ್ರು ಹಾಕ್ಕೊಂಡಿದೀಯ? ಈ ವಾಸ್ನೆಗೆ ಹುಳ ಹಾಳಾಗ್ತವೆ. ಮುಖ ತೊಳ್ಕೊಂಡು ಬಾ."

ತೊಳೆದುಕೊಂಡು ಬಂದು, "ನಾಳೆ ಮಕ್ಕಳನ್ನ ಕಳಿಸಿಕೊಡಿ ಅಮ್ಮಾ" ಎಂದು ಬೇಡಿದೆ.

"ಕೆಲ್ಸ ಮುಗಿದ್ರೆ ಬರ್ತಾವೆ. ನೀನೂ ಒಂದು ಕೈ ಹಾಕಪ್ಪ."

ನೆರೆಮನೆಯ ಬಾಷಾ ಸಾಬರ ಪಕ್ಕ ಕೂತು ಕತ್ತಲಾಗುವವರೆಗೆ ಆರಿಸಿದೆ. ಹುಳು ಬೆರಳ ಮೇಲೆ ಹರಿದಾಗಲೆಲ್ಲ ನಾನು ಚೀರಿದ್ದನ್ನು ಮಕ್ಕಳು ನನ್ನ ಯಾವ ಪಾಠಕ್ಕಿಂತಲೂ ಹೆಚ್ಚು ಗಮನವಿಟ್ಟು ಕೇಳಿದರು.

ಬೆಳಿಗ್ಗೆ ಸಾಹೇಬರ ಜೊತೆ ತರಗತಿಗೆ ಕಾಲಿಟ್ಟರೆ ಬೆಂಚುಗಳೆಲ್ಲ ಭರ್ತಿ! ಮುಂದಿನ ಬೆಂಚಿನಲ್ಲಿ ಅಕ್ಕಯ್ಯಮ್ಮ, ಅವರ ಹಿಂದೆ ಬಾಷಾ ಸಾಬರು, ಹುಳು ಆರಿಸಲು ಚಿಂತಾಮಣಿಯಿಂದ ಬಂದಿದ್ದ ಭಾರತಿಯ ಸೋದರತ್ತೆಯರು. ಮಕ್ಕಳು ಒಬ್ಬರೂ ಇಲ್ಲ.

"ಮಕ್ಕಳು ಕೆಳಗಿನ ಬೀದಿಯೋರ ಹುಳಕ್ಕೆ ಹೋದ್ವು" ಎಂದರು ಅಜ್ಜಿ. "ನೀನು ನಮ್ಮನೇಲಿ ದುಡಿದ್ಯಲ್ಲ, ಮುಯ್ಯಿ ಉಳಿಸ್ಕೊಳ್ಳೋಕಾಗ್ತದಾ? ಅದಕ್ಕೇ ನಾವೇ ಬಂದ್ವಿ. ಹೇಳು, ಅದೇನು ಪಾಠ ಹೇಳ್ತೀಯೋ."

ಸಾಹೇಬರು ಕನ್ನಡಕ ಒರೆಸಿಕೊಂಡು, "ಮೇಷ್ಟ್ರು ಹೆಂಗಮ್ಮ?" ಎಂದು ಕೇಳಿದರು.

"ಬಂಗಾರದಂಥಾ ಕೈ ಸಾಮಿ. ಒಂದು ಹುಳಾನೂ ಚಿವುಟಲಿಲ್ಲ."

ಸಾಹೇಬರೂ ಅಂಬಾಜಿದುರ್ಗದ ಕಡೆಯ ರೇಷ್ಮೆ ಸೀಮೆಯವರು, ಮುಖ ಅರಳಿತು. ನನ್ನನ್ನು ಪಕ್ಕಕ್ಕೆ ಕರೆದು, "ಭಾನುವಾರ ನಮ್ಮನೇಲೂ ಹುಳ ಹಣ್ಣಾಗ್ತವೆ ಮೇಷ್ಟ್ರೇ, ಬಂದ್ಬಿಡಿ" ಎಂದರು. ನೋಟಿಸ್ ತಪ್ಪಿದ ಸಂತೋಷಕ್ಕೆ ಹೋಗಿ ಮೈಮುರಿದು ದುಡಿದೆ. ಹೊರಡುವಾಗ ಸಾಹೇಬರು ಕೈಹಿಡಿದು, ತಾವೂ ಮುಯ್ಯಿ ಉಳಿಸಿಕೊಳ್ಳುವವರಲ್ಲವೆಂದೂ, ಮುಂದಿನ ವಾರ ಒಂದು ದಿನ ಪೂರ್ತಿ ನನ್ನ ಪಾಠಕ್ಕೇ ಕೂರುವುದಾಗಿಯೂ ಹೇಳಿದರು. ಮೇಷ್ಟ್ರಾದ ಮೇಲೆ ಮೊದಲ ಸಲ, ಈಗ ಮನೆಯಲ್ಲಿ ಬಾಗಿಲು ಹಾಕಿಕೊಂಡು ಇಂಗ್ಲಿಷ್ ಕಲಿಯುತ್ತಿದ್ದೇನೆ.