ಹೊಳೆಯುವುದೆಲ್ಲ ಹೊರಗೆ

ಸೂಳಗಿರಿಯ ಆ ಕಾರ್ಖಾನೆಯ ಊಟದ ಕೋಣೆಗೆ ಮೈಕ್ರೋವೇವ್ ಓವನ್ ಬಂದ ವಾರದಲ್ಲೇ ಯಾರೋ ಚಪಾತಿಯನ್ನು ಫಾಯಿಲ್ ಸಮೇತ ಒಳಗಿಟ್ಟು ಕಿಡಿ ಹಾರಿಸಿದರು. ಓವನ್ ಬದುಕಿಕೊಂಡಿತು. ಆದರೆ ಸ್ಟೋರ್ಸ್ ಗುಮಾಸ್ತ ಮುನೀಶನೊಳಗೆ ಒಬ್ಬ ಅಧಿಕಾರಿ ಹುಟ್ಟಿಬಿಟ್ಟ.

ಮರುದಿನವೇ ಗೋಡೆಯ ಮೇಲೆ ಅವನ ಕೈಬರಹ: 'ಹೊಳೆಯುವುದೆಲ್ಲ ಹೊರಗೆ. ಕಿಡಿ ಹಾರಿಸಿದವರು ಒಂದು ತಿಂಗಳು ಗೇಟಿನ ಹೊಂಗೆಮರದಡಿ ತಣ್ಣನೆ ಊಟ ಮಾಡತಕ್ಕದ್ದು.' ಮ್ಯಾನೇಜರ್ ವೆಂಕಟರಾಮಪ್ಪನವರು ಓದುವ ಗೋಜಿಗೆ ಹೋಗದೆ ರುಜು ಹಾಕಿದರು.

ಅಂದಿನಿಂದ ಮುನೀಶ ಓವನ್ ಮುಂದೆ ದ್ವಾರಪಾಲಕನ ಹಾಗೆ ನಿಂತ. ಟೈಪಿಸ್ಟ್ ಶಾಂತಿಯ ಚಿತ್ರಾನ್ನದ ಫಾಯಿಲ್ ಬಿಚ್ಚಿಸಿದ. ಫಿಟ್ಟರ್ ಪಾಪಯ್ಯನ ಸ್ಟೀಲ್ ಡಬ್ಬಿಯ ಸಾರನ್ನು ಗಾಜಿನ ಬಟ್ಟಲಿಗೆ ಸುರಿಸಿದ. ಪ್ಲಾಸ್ಟಿಕ್ ಡಬ್ಬಿಗಳ ತಳದಲ್ಲಿ 'ಓವನ್ನಿಗೆ ಆಗುತ್ತದೆ' ಎಂಬ ಗುರುತು ಹುಡುಕಲು ಅವನ್ನು ತಲೆಕೆಳಗು ಮಾಡಿದ. ಒಳಗೆ ಮೊಸರನ್ನ ಇದೆಯೆಂಬುದು ತಡವಾಗಿ ತಿಳಿಯುತ್ತಿತ್ತು.

"ಸಾರು ಬಿಸಿಯಾಗೋಷ್ಟರಲ್ಲಿ ಮುದ್ದೆ ಕಲ್ಲಾಯ್ತದೆ ಕಣ್ಲಾ," ಎಂದ ಪಾಪಯ್ಯ.

"ಜೀವ ದೊಡ್ಡದೋ ಮುದ್ದೆ ದೊಡ್ಡದೋ ಪಾಪಣ್ಣ?"

ಸಾಲು ಕರಗುವ ಮೊದಲೇ ಗಂಟೆ ಹೊಡೆಯುತ್ತಿತ್ತು. ಅರ್ಧ ಜನ ತಣ್ಣಗಿದ್ದುದನ್ನೇ ನುಂಗಿ ಏಳುತ್ತಿದ್ದರು. ಸುರಕ್ಷತೆಯೇನೋ ಪರಿಪೂರ್ಣವಾಗಿತ್ತು.

ಆ ಶುಕ್ರವಾರ ಊಟದ ಹೊತ್ತಿಗೆ ಎಲ್ಲರೂ ಸೇರಿ ಮುನೀಶನಿಗೆ ಸನ್ಮಾನ ಇಟ್ಟುಕೊಂಡರು. ಶಾಂತಿ ಕೃಷ್ಣಗಿರಿಯಿಂದ ಪಿಂಗಾಣಿ ಕಪ್ಪು ಮಾಡಿಸಿ ತಂದಿದ್ದಳು. ಅದರ ಮೇಲೆ ಬಂಗಾರದ ಅಕ್ಷರದಲ್ಲಿ 'ಸುರಕ್ಷಾ ವೀರ ಮುನೀಶ್'. ಮ್ಯಾನೇಜರ್ ಅದನ್ನು ಕೈಗಿತ್ತಾಗ ಮುನೀಶನ ಕಣ್ಣು ನಿಜಕ್ಕೂ ತುಂಬಿಬಂತು. ಮನೆಯಲ್ಲಿ ಇದುವರೆಗೆ ಅವನನ್ನು ಯಾರೂ ವೀರ ಎಂದಿರಲಿಲ್ಲ.

"ನಿಮ್ಮ ಕೈಯಿಂದ್ಲೇ ಬೋಣಿ ಆಗ್ಲಿ ಸಾರ್. ಮ್ಯಾನೇಜರ್ ಕಾಫಿ ಆರೋಗಿದೆ," ಎಂದಳು ಶಾಂತಿ.

ಮುನೀಶ ಕಾಫಿಯನ್ನು ಹೊಸ ಕಪ್ಪಿಗೆ ಬಗ್ಗಿಸಿ, ಓವನ್ನಿನೊಳಗಿಟ್ಟು, ಎಲ್ಲರತ್ತ ತಿರುಗಿ ಗಂಭೀರವಾಗಿ ಬಟನ್ ಒತ್ತಿದ. ಚಟಚಟ ಕಿಡಿ ಹಾರಿತು. ಮೊದಲು ಕರಕಲಾದದ್ದು 'ವೀರ'. ಯಾರೂ ಬೆಚ್ಚಲಿಲ್ಲ, ಶಾಂತಿಯ ಕೈ ಆಗಲೇ ಸ್ವಿಚ್ಚಿನ ಮೇಲಿತ್ತು.

ವೆಂಕಟರಾಮಪ್ಪನವರು ತಾವು ರುಜು ಹಾಕಿದ್ದನ್ನು ಮೊದಲ ಬಾರಿಗೆ ಓದಿದರು. "ಒಳ್ಳೇ ನಿಯಮ. ಬರೆದೋರು ಯಾರು?"

ಮುನೀಶ ಊಟದ ಡಬ್ಬಿ ಹಿಡಿದು ಹೊಂಗೆಮರದತ್ತ ನಡೆದ. ಸ್ವಲ್ಪ ಹೊತ್ತಿಗೆ ಶಾಂತಿ ಕಪ್ಪು ತಂದು ಪಕ್ಕದಲ್ಲಿಟ್ಟಳು.

"ಮರ್ತು ಬಂದ್ರಿ ಸಾರ್. ಅಂಗಡಿಯವ್ನು ಬಂಗಾರದ್ದು ಓವನ್‌ಗೆ ಆಗಲ್ಲ, ಬರೀ ಬಣ್ಣದ ಅಕ್ಷರ ಸಾಕು ಅಂದ. ಬಂಗಾರದ್ದೇ ಬೇಕು ಅಂತ ನಾವೆಲ್ಲಾ ಹಟ ಹಿಡಿದ್ವಿ."

ಒಳಗೆ ಎಲ್ಲರೂ ಬಿಸಿಬಿಸಿಯಾಗಿ ಉಣ್ಣುತ್ತಿದ್ದರು. ಮುನೀಶ ಡಬ್ಬಿ ತೆರೆದ. ಮುದ್ದೆ ಕಲ್ಲಾಗಿತ್ತು.