ಸಾಯುವ ಪಾತ್ರಕ್ಕೊಬ್ಬ ಕಬಡ್ಡಿ ಆಟಗಾರ

ನಗಿಸಬೇಕೆಂದು ಹೊರಟವನಲ್ಲ ನಾನು. ಆದರೂ ಮುಖಕ್ಕೆ ಬಣ್ಣ ಹಚ್ಚಿದ ದಿನ ಏನಾದರೊಂದು ಆಗಿಯೇ ಆಗುತ್ತದೆ, ನಮ್ಮ ಬೆಟ್ಟದ ದೇವರು ಮಾದಪ್ಪ ಆಗಿಸುತ್ತಾನೆ.

ನಾನು ಬಂಡಳ್ಳಿಯವನು. ಹನೂರಿನ ಸುತ್ತಮುತ್ತ ಹತ್ತು ವರ್ಷ ಕಬಡ್ಡಿ ಆಡಿದೆ. ಮಂಡಿ ಕೈಕೊಟ್ಟ ಮೇಲೆ ಕೊಳ್ಳೇಗಾಲದ ನಾಟಕ ತಂಡವೊಂದು ಕೈಹಿಡಿಯಿತು. ಮೊದಲ ಪಾತ್ರ ಒಂದು ಬಿಟ್ಟರೆ, ನನ್ನ ಮೈಕಟ್ಟು ನೋಡಿ ನಾಟಕದ ಮೇಷ್ಟ್ರು ಕೊಟ್ಟಿದ್ದೆಲ್ಲ ಹೊಡೆದಾಡಿ ಸಾಯುವ ಪಾತ್ರಗಳೇ. ಅವ್ವನಿಗೆ ಅದೇ ಸಂಕಟ. ನಾಟಕಕ್ಕೇನೋ ಬರುತ್ತಿದ್ದಳು, ನಾನು ಬಿದ್ದ ಕೂಡಲೇ ಸೆರಗು ಬಾಯಿಗಿಟ್ಟುಕೊಂಡು ಎದ್ದು ಹೋಗುತ್ತಿದ್ದಳು. ಒಂದು ಸಲವಾದರೂ ಅವಳು ಕೊನೆತನಕ ಕೂತು ನೋಡಲಿ ಎಂದು, ಬೆಟ್ಟಕ್ಕೆ ಹೋದಾಗಲೆಲ್ಲ ಮಾದಪ್ಪನ ಮುಂದೆ ಇದೊಂದನ್ನೇ ಬೇಡಿಕೊಂಡಿದ್ದೇನೆ.

ರಾಜನ ಉಂಗುರ

ಆ ಮೊದಲ ಪಾತ್ರ ದೂತನದು. ಶತ್ರು ಬಂದ ಸುದ್ದಿ ಹೇಳಬೇಕು, ಮೆಚ್ಚಿದ ರಾಜ ನನ್ನ ಕೈ ಹಿಡಿದು ಉಂಗುರ ತೊಡಿಸಬೇಕು, ಅಷ್ಟೇ. ರಂಗದ ಅಂಚು ಮುಟ್ಟಿ ಕಣ್ಣಿಗೊತ್ತಿಕೊಂಡು ಒಳಗೆ ಹೋದೆ. ಮಾತೂ ಸರಿಯಾಗೇ ಹೇಳಿದೆ. ರಾಜ ಮಣಿಕಟ್ಟು ಹಿಡಿದ ನೋಡಿ, ಹತ್ತು ವರ್ಷದ ಅಭ್ಯಾಸ ಕೇಳಬೇಕಲ್ಲ? ಒಂದೇ ತಿರುವಿಗೆ ಕೊಸರಿಕೊಂಡು, ಮಂತ್ರಿಯ ತೋಳಿನಡಿ ನುಸುಳಿ, ಬಂದ ಅಂಚನ್ನೇ ಮುಟ್ಟಿ ಮಲಗಿದೆ. ರಾಜ ಉಂಗುರ ಹಿಡಿದುಕೊಂಡು ನಿಂತೇ ಇದ್ದ.

ಹಾರ್ಮೋನಿಯಂ ನುಡಿಸುತ್ತಿದ್ದ ಮೇಷ್ಟ್ರು ಮೈಕಿನಲ್ಲೇ ಅಂದರು, "ಲೇ, ಬಾರ್ಲಾ ಈಚ್ಗೆ. ಅವ್ರು ಇಡ್ಕಂಡಿದ್ದು ಉಂಗ್ರ ಆಕಕ್ಕೆ ಕಣ್ಲಾ, ಔಟ್ ಮಾಡಕ್ಕಲ್ಲ."

ಜಪ ಮಾಡಿದ ಹೆಣ

ಸತ್ತೇಗಾಲದ ಹತ್ತಿರ ಹೊಳೆ ದಡದಲ್ಲಿ ಸಿನಿಮಾ ಶೂಟಿಂಗು. ಕಬಡ್ಡಿಯವನಿಗೆ ಉಸಿರು ಗಟ್ಟಿ ಇರುತ್ತದೆಂದು ನನ್ನನ್ನೇ ಹೆಣದ ಪಾತ್ರಕ್ಕೆ ಆರಿಸಿದರು. ಅವ್ವನಿಗೆ ಫೋನಿನಲ್ಲಿ ಹೇಳಿದರೆ, "ಸಿನಿಮಾದಲ್ಲಾದ್ರೂ ಬದುಕ್ಕಂಡಿರ್ತೀಯ ಅನ್ಕಂಡಿದ್ನಲ್ಲಪ್ಪ" ಅಂದಳು.

ಮರಳಿನ ಮೇಲೆ ಮಲಗಿದೆ. ಉಸಿರೇನೋ ನಿಂತಿತು, ಆದರೆ ಕಟ್ಟಿರುವೆ ಕಾಲು ಹತ್ತಿತು. ದೇವರಲ್ಲದೆ ಯಾರು ಕಾಯಬೇಕು? ಮನಸ್ಸಿನಲ್ಲೇ ಮಾದಪ್ಪನ ಹೆಸರು ಹಿಡಿದೆ. ಹಿಡಿದದ್ದು ತುಟಿಗೂ ಬಂತು.

"ಆ ಹೆಣದ ತುಟಿ ಯಾಕ್ರೀ ಅಲ್ಲಾಡ್ತಿದೆ?" ಎಂದು ನಿರ್ದೇಶಕರು ಓಡಿ ಬಂದರು.

"ಇರುವೆ ಕಡೀತಿತ್ತು ಸಾ. ತಡ್ಕಳಕ್ಕೆ ಮಾದಪ್ಪನ ನೆನೀತಾ ಇದ್ದೆ."

ಪುಣ್ಯಾತ್ಮರು ಬೈಯಲಿಲ್ಲ. ಪಕ್ಕದಲ್ಲೇ ಕುಕ್ಕರುಗಾಲಲ್ಲಿ ಕೂತು ಸಮಾಧಾನವಾಗಿ ಹೇಳಿದರು, "ನೀವು ಸತ್ತಾಗಿದೆಯಲ್ಲ ಯಜಮಾನ್ರೇ, ಈಗ ಅವನ ಎದುರಿಗೇ ಇದ್ದೀರಿ. ಇನ್ನೂ ಇಲ್ಲಿಂದ ಯಾಕೆ ಕರೀತೀರಿ?"

ಯಳಂದೂರಿನಲ್ಲಿ ಎದ್ದಿದ್ದು

ಕಬಡ್ಡಿಯಲ್ಲಿ ಔಟಾದವನನ್ನು ನಮ್ಮ ಕಡೆ 'ಸತ್ತ' ಅನ್ನುತ್ತಾರೆ. ಎದುರು ತಂಡದಲ್ಲಿ ಒಬ್ಬ ಸತ್ತರೆ, ನಮ್ಮಲ್ಲಿ ಸತ್ತು ಕೂತವನೊಬ್ಬ ಎದ್ದು ಮತ್ತೆ ಆಟಕ್ಕೆ ಇಳಿಯುತ್ತಾನೆ.

ಯಳಂದೂರಿನಲ್ಲಿ ಮಧ್ಯಾಹ್ನದ ನಾಟಕ. ನಾನು ರಾಜನ ತಮ್ಮ, ರಾಕ್ಷಸನ ಕೈಯಲ್ಲಿ ಸಾಯಬೇಕು. ಮುಂದಿನ ಸಾಲಿನಲ್ಲಿ ಅವ್ವ, ಅವಳ ಪಕ್ಕ ರಾಕ್ಷಸನ ಪಾತ್ರ ಮಾಡಿದವನ ಹೆಂಡತಿ. ಗದೆಯ ಏಟು ಬಿತ್ತು, ಸತ್ತೆ. ಅರೆಗಣ್ಣು ತೆರೆದು ನೋಡಿದರೆ ಅವ್ವ ಆಗಲೇ ಬಾಗಿಲ ಕಡೆ ಹೊರಟಿದ್ದಾಳೆ. ನನ್ನ ಮನಸ್ಸೂ ಅವಳ ಹಿಂದೆಯೇ ಹೋಯಿತು. ಅಷ್ಟರಲ್ಲಿ ರಾಜ ರಾಕ್ಷಸನನ್ನು ಹೊಡೆದು ಉರುಳಿಸಿದ. ಜನರ ನಡುವೆ ಕೂತಿದ್ದ ನಮ್ಮ ಹಳೇ ಕಬಡ್ಡಿ ತಂಡದ ಕ್ಯಾಪ್ಟನ್ ತಡೆಯಲಾರದೆ ಕೂಗಿದ, "ಅವ್ರಲ್ಲೊಬ್ಬ ಸತ್ತ."

ನಾನು ಎದ್ದೆ. ಮೈ ಕೊಡವಿ, ತೊಡೆ ತಟ್ಟಿ, ರಾಜನ ಪಕ್ಕ ನಿಂತೆ.

ಬಿದ್ದಿದ್ದ ರಾಕ್ಷಸ ಒಂದು ಕಣ್ಣು ಬಿಟ್ಟ. "ಲೇ, ನೀನು ಸತ್ತೋಗಿದ್ದೀಯ ಕಣ್ಲಾ. ಮಲಿಕ್ಕೊ."

ರಾಜ ಅನುಭವಸ್ಥ. "ತಮ್ಮಾ, ಶಿವನ ಕರುಣೆಯಿಂದ ಮರಳಿ ಬಂದೆಯಾ?" ಎಂದು ತಬ್ಬಿಕೊಂಡುಬಿಟ್ಟ. ಬಾಗಿಲಲ್ಲಿ ತಿರುಗಿ ನೋಡಿದ ಅವ್ವ ವಾಪಸು ಬಂದು ಕೂತಳು. ಕೈಮುಗಿದುಕೊಂಡು ಕೂತವಳು ಕೊನೆಯ ಹಾಡು ಮುಗಿಯುವವರೆಗೂ ಅಲ್ಲಾಡಲಿಲ್ಲ. ಮಾದಪ್ಪ ಕಬಡ್ಡಿಯ ಕಾನೂನಿನಲ್ಲಿ ಬೇಕಾದರೂ ವರ ಕೊಡಬಲ್ಲ ಎಂದು ನನಗೆ ಕಣ್ಣು ತುಂಬಿ ಬಂತು.

ಪರದೆ ಎಳೆಯಿರಿ ಎಂದು ಮೇಷ್ಟ್ರು ಕೈ ಎತ್ತಿದರು. ರಾಕ್ಷಸನ ಹೆಂಡತಿ ಎದ್ದು ನಿಂತಳು.

"ವಸಿ ಇರಿ ಸಾ. ಈಯಮ್ಮನ ಮಗ ಎದ್ದಾಯ್ತು. ನಮ್ಮೆಜಮಾನ್ರು ಏಳಾದು ಯಾವಾಗ?"