ಒಂದರಿಂದಲೋ ನಾಲ್ಕರಿಂದಲೋ

ನಮ್ಮ ಮನೆಯೊಳಗೆ ಯಾವ ಶುಭಕಾರ್ಯವೂ ನೆಟ್ಟಗೆ ನಡೆದು ಬಂದದ್ದಿಲ್ಲ. ಹೊಸ್ತಿಲಲ್ಲಿ ಒಂದು ಸಲ ಎಡವಿಯೇ ಬರುತ್ತದೆ. ದೊಡ್ಡ ಮಗನ ನಿಶ್ಚಿತಾರ್ಥದ ದಿನ ಉಂಗುರ ಬೀರುವಿನಲ್ಲೇ ಉಳಿಯಿತು. ಗೃಹಪ್ರವೇಶಕ್ಕೆ ಕರೆತಂದ ಹಸು ಒಳಗೆ ಬಂದದ್ದು ಹೊರಗೆ ಹೋಗಲು ಒಪ್ಪಲಿಲ್ಲ. ಇವನ್ನೆಲ್ಲ ನಾನು ಆಗಿಂದಾಗಲೇ ಬರೆದಿಟ್ಟಿದ್ದೇನೆ. ಎಂ.ಎ. ಓದಿ, ಕಾಲೇಜಿನ ಗ್ರಂಥಾಲಯವನ್ನು ನಿವೃತ್ತಿಯವರೆಗೂ ನೋಡಿಕೊಂಡವಳಿಗೆ ಬರೆದಿಡದಿದ್ದರೆ ಅನ್ನ ಸೇರುವುದಿಲ್ಲ. ಈಗ ಹೇಳುವುದು ಚಿಕ್ಕ ಮಗಳ ಸಂಬಂಧದ ವಿಚಾರ.

ಮಹಡಿ ಮೇಲಿನ ಮಾತು

ಗುಬ್ಬಿಯಿಂದ ಗಂಡಿನ ಕಡೆಯವರು ಉಪ್ಪಾರಹಳ್ಳಿಯ ನಮ್ಮ ಮನೆಗೆ ಬಂದರು. ಹುಡುಗ ಪಾಲಿಟೆಕ್ನಿಕ್‌ನಲ್ಲಿ ಮೇಷ್ಟ್ರು. ತಂದೆಗೆ ತೆಂಗಿನ ತೋಟ, ತಾಯಿಗೆ ನಗು. ಎಲ್ಲರಿಗೂ ಎಲ್ಲರೂ ಹಿಡಿಸಿದರು. ಉಪ್ಪಿಟ್ಟು, ಕೇಸರಿಬಾತು ಮುಗಿದ ಮೇಲೆ ಹುಡುಗ ಹುಡುಗಿಯನ್ನು ಮಾತಾಡಿಕೊಳ್ಳಲಿ ಎಂದು ಮಹಡಿಗೆ ಕಳಿಸಿದೆವು.

ಮೊದಲು ನಗು ಕೇಳಿಸಿತು. ಸಂಬಂಧ ಕುದುರಿತು ಎಂದು ನಾನೂ ಹುಡುಗನ ತಾಯಿಯೂ ಕಣ್ಣಲ್ಲೇ ಮಾತಾಡಿಕೊಂಡೆವು. ಸ್ವಲ್ಪ ಹೊತ್ತಿಗೆ ದನಿಗಳು ಏರಿದವು. ಆಮೇಲೆ ಇಬ್ಬರೂ ಬೇರೆ ಬೇರೆಯಾಗಿ ಮೆಟ್ಟಿಲಿಳಿದು ಬಂದರು. ಹುಡುಗನ ಕಿವಿ ಕೆಂಪಾಗಿತ್ತು, ನಮ್ಮವಳ ಮೂಗು.

ಅವರು ಹೋದ ಮೇಲೆ ಕೇಳಿದೆ, "ಏನಾಯ್ತೇ?"

"ಅವ್ರಿಗೂ ಗೇಮ್ ಹುಚ್ಚು ಕಣಮ್ಮ. ನಾನಾಡೋ ಗೇಮೇ ಅವ್ರೂ ಆಡೋದು."

"ಒಳ್ಳೇದೇ ಆಯ್ತಲ್ಲ!"

"ಏನ್ ಒಳ್ಳೇದು? ಅದ್ರಲ್ಲಿ ಒಂಬತ್ತು ಪಾರ್ಟ್ ಇದೆ. ಒಂದನೇದು ನಾನು ಹುಟ್ಟೋಕೆ ಮುಂಚಿಂದು, ಡಬ್ಬಾ. ನಾಲ್ಕನೇದ್ರಿಂದ ಚೆನ್ನಾಗಿರೋದು. ನಾನು ನಾಲ್ಕರಿಂದ ಶುರು ಮಾಡಿ ಒಂಬತ್ತರ ತನಕ ಮುಗಿಸಿದೀನಿ ಅಂದೆ. ಒಂದರಿಂದ ಆಡ್ದೇ ಇರೋರು ಆಡಿದಂಗೇ ಅಲ್ಲ ಅಂದ್ರು!"

"ಅವ್ನು ಎಷ್ಟು ಮುಗಿಸವ್ನೆ?"

"ಮೂರನೇದ್ರಲ್ಲೇ ಇದಾರೆ. ಪ್ರತಿ ಮರದ ಕೆಳಗೂ ಹುಡುಕ್ಕೊಂಡು ಹೋಗ್ತಾರಂತೆ. ಇವ್ರ ಜೊತೆ ದೇವರಾಯನದುರ್ಗಕ್ಕೆ ಹೋದ್ರೆ ಬೆಟ್ಟ ಹತ್ತೋಷ್ಟ್ರಲ್ಲಿ ರಿಟೈರ್ ಆಗ್ತೀನಿ."

ಸಂಜೆ ಗುಬ್ಬಿಯಿಂದ ಫೋನ್ ಬಂತು: "ಯೋಚನೆ ಮಾಡಿ ಹೇಳ್ತೀವಿ." ನಾವೂ ಅದನ್ನೇ ಹೇಳಿದೆವು. ನಮ್ಮ ಯಜಮಾನರು ತಲೆ ಮೇಲೆ ಕೈ ಹೊತ್ತು ಕುಳಿತರು. "ಕುಡೀತಾನಾ ವಿಚಾರಿಸ್ದೆ, ಸಿಗರೇಟು ವಿಚಾರಿಸ್ದೆ, ಸಾಲ ವಿಚಾರಿಸ್ದೆ. ಎಷ್ಟನೇದ್ರಿಂದ ಆಡ್ತಾನೆ ಅಂತ ವಿಚಾರಿಸ್ಬೇಕು ಅಂತ ಯಾವ ನನ್ಮಗನೂ ಹೇಳ್ಲಿಲ್ಲ."

ಯಾರು ಯಾರ ಕಡೆ

ರಾತ್ರಿಯೆಲ್ಲ ಹೊರಳಾಡಿ, ಬೆಳಿಗ್ಗೆ ನನ್ನ ಅಭಿಪ್ರಾಯ ಹೇಳಿದೆ: ಹುಡುಗನೇ ಸರಿ.

ನನ್ನ ಗ್ರಂಥಾಲಯದಲ್ಲಿ ಯಾವುದೇ ಮಾಲೆಯ ಮೂರನೇ ಸಂಪುಟ ಕೇಳಿದವರನ್ನು "ಎರಡು ಓದಿದೀರಾ?" ಎಂದು ಕೇಳದೆ ಕಳಿಸಿದವಳಲ್ಲ ನಾನು. ಒಮ್ಮೆ ಪ್ರಿನ್ಸಿಪಾಲರನ್ನೂ ಕೇಳಿದ್ದೆ. ಅವರು ಬೆವರು ಒರೆಸಿಕೊಂಡು ಮೊದಲ ಸಂಪುಟ ತೆಗೆದುಕೊಂಡು ಹೋದರು. ಮತ್ತೆ ಗ್ರಂಥಾಲಯದ ಕಡೆ ತಲೆ ಹಾಕಲಿಲ್ಲ.

"ಅಮ್ಮಾ, ನೀನು ನನಗೆ ಅಮ್ಮನೋ ಅವ್ರಿಗೋ?" ಎಂದು ಮಗಳು ತಟ್ಟೆ ಸರಿಸಿ ತಾನು ಕೆಲಸ ಮಾಡುವ ಬ್ಯಾಂಕಿಗೆ ಹೊರಟುಹೋದಳು.

ನನಗೆ ಕೂತಲ್ಲಿ ಕೂರಲಾಗಲಿಲ್ಲ. ಆಷಾಢ ಹತ್ತಿರ ಬರುತ್ತಿತ್ತು. ಆಷಾಢದಲ್ಲಿ ಮದುವೆ ಮಾತು ಆಡುವಂತಿಲ್ಲ. ಅದು ಕಳೆಯುವಷ್ಟರಲ್ಲಿ ಗುಬ್ಬಿಯವರಿಗೆ ಇನ್ನೊಂದು ಮನೆಯ ಉಪ್ಪಿಟ್ಟು ಹಿಡಿಸಿದರೆ? ಇಷ್ಟು ವರ್ಷಕ್ಕೆ ನಮ್ಮವಳು ಮಹಡಿಯ ಮೇಲೆ ನಕ್ಕದ್ದು ಇವನೊಬ್ಬನ ಎದುರಿಗೆ. ಸ್ವಲ್ಪ ಹೊತ್ತೇ ಇರಲಿ, ನಕ್ಕಿದ್ದಳಲ್ಲ. ಜಗಲಿಗೂ ಗೇಟಿಗೂ ಅಲೆದಾಡಿ ಕೊನೆಗೆ ನಾನೇ ಹುಡುಗನ ತಾಯಿಗೆ ಫೋನ್ ಮಾಡಿದೆ.

"ನಿಮ್ಮ ಮಗ ಹೇಳಿದ್ರಲ್ಲಿ ತಪ್ಪೇನಿಲ್ಲ ಕಣ್ರೀ," ಎಂದೆ.

"ಅಯ್ಯೋ ಬುಡಿ ಮೇಡಮ್ಮೋರೆ, ನಿಮ್ಮ ಮಗಳೇ ಕರೆಕ್ಟು! ನಮ್ಮೋನು ಪೇಪರ್ ಓದಕ್ಕೆ ಕೂತ್ರೆ ತಾರೀಕಿಂದ ಓದ್ತಾನೆ. ಆ ಹುಡುಗೀಗೆ ಏನು ಗಾಚಾರ?"

"ಕ್ರಮ ಅಂತ ಒಂದಿರುತ್ತಲ್ಲ? ನಿಮ್ಮ ಮಗ ಬಂಗಾರ."

"ನಿಮ್ಮ ಮಗಳು ಚುರುಕು. ಬಂಗಾರ ಇಟ್ಕಂಡು ಏನ್ ಮಾಡ್ತೀರಾ?"

ಇಬ್ಬರೂ ದನಿ ಏರಿಸಿ, ಇಬ್ಬರೂ ಕೋಪದಲ್ಲೇ ಫೋನ್ ಇಟ್ಟೆವು. ಯಜಮಾನರು ಪೇಪರ್ ಮಡಿಸಿದರು. "ಬೀಗಿತ್ತೀರು ಜಗಳ ಆಡೋದು ಕಂಡಿದೀನಿ. ಒಬ್ಬರ ಮಗೂನ ಇನ್ನೊಬ್ಬರು ಹೊಗಳ್ಕೊಂಡು ಜಗಳ ಆಡಿದ್ದು ಇದೇ ಮೊದಲು."

ಕುಣಿಗಲ್ ತೀರ್ಪು

ಸೋದರಮಾವನ ಮಾತು ಕೇಳದೆ ಯಾವ ಹೆಣ್ಣಿನ ಮದುವೆಯೂ ನಮ್ಮಲ್ಲಿ ಆಗುವುದಿಲ್ಲ. ಮಗಳನ್ನು ಕರೆದುಕೊಂಡು ಕುಣಿಗಲ್‌ನಲ್ಲಿರುವ ನನ್ನ ತಮ್ಮನ ಮನೆಗೆ ಹೋದೆ. ವಿಡಿಯೋ ಗೇಮ್ ಎಂದರೆ ಅವನಿಗೆ ಏನೂ ಗೊತ್ತಿಲ್ಲ. ತೀರ್ಪು ಕೊಡಲು ಅದು ಅವನಿಗೆ ಎಂದೂ ಅಡ್ಡಿಯಾದದ್ದಿಲ್ಲ. ಹಣೆಯ ವಿಭೂತಿ ಸರಿಮಾಡಿಕೊಂಡು ಪೂರ್ತಿ ಕೇಳಿ, ಕಣ್ಣು ಮುಚ್ಚಿದ.

"ನೋಡವ್ವಾ, ಎಲೆ ಮೇಲೆ ಮೊದಲು ಉಪ್ಪು, ಕೊನೇಲಿ ಮಜ್ಜಿಗೆ. ಊಟಕ್ಕೇ ಕ್ರಮ ಅಂತ ಇದೆ. ಆಟಕ್ಕೆ ಬ್ಯಾಡ್ವಾ?"

ಮಗಳು ಕೇಳಿದಳು, "ಮಾಮ, ಎಲೆಗೆ ಒಬ್ಬಟ್ಟು ಬಿದ್ದ ತಕ್ಷಣ ಉಪ್ಪು, ಪಲ್ಯ, ಕೋಸಂಬರಿ ಎಲ್ಲಾ ಬಿಟ್ಟು ನೀವು ಅದಕ್ಕೇ ಕೈ ಹಾಕಲ್ವಾ?"

ಒಳಗಿನಿಂದ ನನ್ನ ತಮ್ಮನ ಹೆಂಡತಿ ಕೂಗಿದಳು, "ಎಲೆಗೆ ಬೀಳೋಗಂಟ ಎಲ್ಲಿ ಕಾಯ್ತಾರೆ? ಹಂಚಿನ ಮೇಲಿಂದಾನೇ ಎತ್ಕತಾರೆ!"

ತಮ್ಮ ಕಣ್ಣು ತೆರೆದ. ತೀರ್ಪು ಅಲ್ಲೇ ತಿರುಗಿತು: ಹುಡುಗ ಹೋಗಿ ನಾಲ್ಕನೆಯದು ಆಡಲಿ, ಹುಡುಗಿ ಒಂದನೆಯದು ಆಡಲಿ, ಆಷಾಢಕ್ಕೆ ಮುಂಚೆ ಗುಬ್ಬಿಯಲ್ಲಿ ಸೇರಿ ಮುಂದಿನ ಮಾತು. ಫೋನಿನಲ್ಲಿ ಗುಬ್ಬಿಯವರೂ ಒಪ್ಪಿದರು. ಹೊರಡುವಾಗ ತಮ್ಮ ನನ್ನನ್ನು ಪಕ್ಕಕ್ಕೆ ಕರೆದು ಪಿಸುಗುಟ್ಟಿದ, "ಅಕ್ಕಾ, ಅದಿರ್ಲಿ, ಆ ಆಟ ಹೊಲದಲ್ಲಿ ಆಡೋದಾ, ಮನೇಲಿ ಆಡೋದಾ?"

ಹೊಳೆ ದಾಟಿದ್ದು

ಮಗಳು ಒಂದನೆಯದನ್ನು ಹಾಕಿ ಒಂದು ಸಂಜೆ ಆಡಿ ಕಂಟ್ರೋಲರನ್ನು ಸೋಫಾದ ಮೇಲೆ ಬಿಸಾಡಿದಳು. "ಆಗಲ್ಲಮ್ಮ. ಕುದುರೆ ಎತ್ತಿನ ಗಾಡಿ ಥರ ಹೋಗುತ್ತೆ."

"ಕೊಡಿಲ್ಲಿ. ಅದೇನು ಬ್ರಹ್ಮವಿದ್ಯೆಯೋ ನೋಡ್ತೀನಿ," ಎಂದೆ.

ಕಥೆ ಇಷ್ಟು. ಒಬ್ಬ ರಾಜನ ಕೊಲೆಯಾಗಿದೆ, ಕೊಂದವರು ಯಾರೋ ಗೊತ್ತಿಲ್ಲ. ನಾವು ಕುದುರೆಯ ಮೇಲೆ ಹುಡುಕಿಕೊಂಡು ಹೋಗಬೇಕು. ಕೋಟೆಯ ಬಾಗಿಲು ದಾಟಿದ ಕೂಡಲೇ ಒಂದು ಹೊಳೆ, ಅದಕ್ಕೊಂದು ಹಗ್ಗದ ಸೇತುವೆ. ನಾನು ಬಿದ್ದೆ. ಮತ್ತೆ ಬಿದ್ದೆ. ಬಿದ್ದಾಗಲೆಲ್ಲ ಒಬ್ಬ ಮುದಿ ಅಂಬಿಗ ದೋಣಿ ತಂದು ಎತ್ತಿ ದಡಕ್ಕೆ ಬಿಡುತ್ತಿದ್ದ. ಒಂದು ದಿನವೂ ಬೇಸರಪಟ್ಟವನಲ್ಲ.

ಅದಾದ ಮೇಲೆ ನನಗೆ ಮನೆಯಲ್ಲಿ ಕಾಲು ನಿಲ್ಲಲಿಲ್ಲ. ಕುಕ್ಕರ್ ಇಟ್ಟು ಬಂದು ಬೀಳುವುದು, ಎದ್ದು ಹೋಗಿ ಕುಕ್ಕರ್ ಇಳಿಸುವುದು, ಬಂದು ಮತ್ತೆ ಬೀಳುವುದು. ಕರೆಂಟ್ ಹೋದರೆ ಗೇಟಿನ ತನಕ ಹೋಗಿ ಬೀದಿಯಲ್ಲಿ ಎಲ್ಲರಿಗೂ ಹೋಗಿದೆಯೇ ನೋಡಿ ಬರುವುದು. ಒಮ್ಮೆ ಸಾರು ಸೀದು ತಳ ಹಿಡಿಯಿತು. ಯಜಮಾನರು ಮೂಸಿ ನೋಡಿ ಮರಳೂರಿನಲ್ಲಿರುವ ಅವರ ಅಣ್ಣನ ಮನೆಗೆ ಊಟಕ್ಕೆ ಹೊರಟರು.

"ಆ ಅಂಬಿಗನ್ನ ನೋಡಿ ಕಲೀರಿ! ಎಷ್ಟು ಸಲ ಬಿದ್ರೂ ಒಂದ್ ಮಾತಾಡಲ್ಲ. ದೇವರಂಥ ಮನುಷ್ಯ," ಎಂದು ಕೂಗಿದೆ.

ನಾನು ಅಂಬಿಗನನ್ನು ಹೊಗಳಿದಾಗಲೆಲ್ಲ ಮಗಳು ಏನೋ ನೆನಪಾದವಳಂತೆ ಎದ್ದು ಅಡಿಗೆಮನೆಗೆ ಹೋಗುತ್ತಿದ್ದಳು.

ಗುಬ್ಬಿಯ ಸುದ್ದಿಯೂ ಬಂತು. ಹುಡುಗ ನಾಲ್ಕನೆಯದನ್ನು ಮುಟ್ಟಲು ಮನಸ್ಸಾಗದೆ, "ನೀನೇ ಆಡಮ್ಮ, ನಾನು ಮೂರು ಮುಗಿಸ್ಕೊಂಡು ಬರ್ತೀನಿ" ಎಂದು ತಾಯಿಯ ಕೈಗೆ ಕೊಟ್ಟನಂತೆ. ಅವರು ಬಿಡುತ್ತಲೇ ಇಲ್ಲವಂತೆ. ಹುಡುಗನ ತಂದೆ ಫೋನಿನಲ್ಲಿ ನಮ್ಮ ಯಜಮಾನರ ಹತ್ತಿರ ಗೋಳಾಡಿಕೊಂಡರು: "ನಿಮ್ಮನೇಲಾದ್ರೂ ಅಡುಗೆ ಆಯ್ತಾ ಸಾರ್?"

ಗುಬ್ಬಿಯಲ್ಲಿ

ಆಷಾಢಕ್ಕೆ ಮುಂಚಿನ ಭಾನುವಾರ ನಾವು ಮೂವರೂ ಕುಣಿಗಲ್‌ನಿಂದ ಬಂದ ತಮ್ಮನೂ ಗುಬ್ಬಿಗೆ ಹೋದೆವು. ಎಳನೀರು ಕೊಟ್ಟರು. ಎಲ್ಲರೂ ಸಾಲಾಗಿ ಕುಳಿತೆವು. ತಮ್ಮ ಗಂಟಲು ಸರಿಮಾಡಿಕೊಂಡ. ಹುಡುಗನಾಗಲಿ ಹುಡುಗಿಯಾಗಲಿ ಮುಖ ಎತ್ತಲಿಲ್ಲ. ಕಾಫಿ ಲೋಟ ಹಿಡಿದು ಬಂದ ಹುಡುಗನ ತಾಯಿಗೆ ಅಷ್ಟು ಹೊತ್ತು ತಡೆಯಲಾಗಲಿಲ್ಲ.

"ಮೇಡಮ್ಮೋರೆ, ಎಲ್ಲೀಗಂಟ ಬಂದ್ರಿ?"

"ಸೇತುವೆ ದಾಟಿದೆ ಕಣ್ರೀ!" ಹೆಮ್ಮೆಯನ್ನು ಅಡಗಿಸಿಕೊಳ್ಳುವ ಗೋಜಿಗೆ ನಾನು ಹೋಗಲಿಲ್ಲ. "ಆ ಅಂಬಿಗ ಇಲ್ದಿದ್ರೆ ಆಗ್ತಿರ್ಲಿಲ್ಲ. ಎಂಥ ಸಾಧು ಮನುಷ್ಯ ಅಂತೀರಾ!"

"ಸಾಧುನಾ? ಅಯ್ಯೋ, ರಾಜನ್ನ ಕೊಂದೋನೇ ಅವ್ನು! ನಾಲ್ಕನೇದ್ರಲ್ಲಿ ಎಲ್ಲಾ ಆಚೆಗೆ ಬತ್ತದೆ!"

ಅವರು ಕೊಟ್ಟ ಕಾಫಿ ಲೋಟ ಕೆಳಗಿಟ್ಟೆ. ನಾನು ಮೇಲೆದ್ದೆ. "ಏಳ್ರೀ. ಈ ಸಂಬಂಧ ಬೇಡ. ನಡೀರಿ ಮನೆಗೆ!"

ಹುಡುಗನ ತಂದೆ ಬೆಚ್ಚಿಬಿದ್ದು ನನ್ನ ತಮ್ಮನ ಕೈ ಹಿಡಿದುಕೊಂಡರು. "ಯಾರೋ ಆಗದೋರು ಹೇಳವ್ರೆ ಸ್ವಾಮಿ! ನಮ್ಮ ವಂಶದಲ್ಲಿ ಕೊಲೆಗಿಲೆ ಏನೂ ಇಲ್ಲ! ಪೊಲೀಸ್ ಸ್ಟೇಷನ್ನಲ್ಲಿ ಬೇಕಾದ್ರೆ ವಿಚಾರಿಸ್ಕಳಿ!"

ಎಲ್ಲರಿಗಿಂತ ದೊಡ್ಡ ಕೂಗು ಹುಡುಗನದು. "ಅಮ್ಮಾ! ನಾನಿನ್ನೂ ಮೂರನೇದ್ರಲ್ಲಿದೀನಲ್ಲಮ್ಮಾ! ಇಷ್ಟು ವರ್ಷದಿಂದ ಹುಡುಕ್ತಿದೀನಿ ಕಣಮ್ಮ ಅವನ್ನ!"

ನಾನೂ ಅವನೂ ಎದುರುಬದುರು ನಿಂತಿದ್ದೆವು, ಒಂದೇ ಮನೆಯಲ್ಲಿ ಕಳ್ಳತನವಾದವರ ಹಾಗೆ. ಅಷ್ಟರಲ್ಲಿ ಅವನಿಗೆ ಏನೋ ಹೊಳೆಯಿತು. ನಮ್ಮವಳ ಕಡೆ ತಿರುಗಿದ.

"ನಿಮಗೆ ಗೊತ್ತಿತ್ತಾ?"

"ಗೊತ್ತಿತ್ತು," ಎಂದಳು.

"ಅವತ್ತು ಮಹಡಿ ಮೇಲೆ ಅಷ್ಟು ಜಗಳ ಆಡುವಾಗ... ಒಂದು ಮಾತು ಹೇಳಿದ್ರೆ ನಾನು ಅಲ್ಲೇ ಸೋತ್ಹೋಗ್ತಿದ್ದೆ."

"ಜಗಳ ಬೇರೆ. ಹುಡುಕ್ತಾ ಇರೋರಿಗೆ ಅದನ್ನ ಹೇಳೋಕಾಗುತ್ತಾ?" ಎಂದು ಅವಳು ಎಳನೀರಿನ ಬುರುಡೆ ನೋಡುತ್ತ ಕುಳಿತಳು.

ಹುಡುಗ ಕುರ್ಚಿಯಲ್ಲಿ ಕುಳಿತು ತಂದೆಗೆ ಹೇಳಿದ, "ಅಪ್ಪಾ, ನನಗೆ ಒಪ್ಪಿಗೆ. ಅವ್ರು ಎಷ್ಟರಿಂದ ಬೇಕಾದ್ರೂ ಆಡ್ಲಿ."

ನಮ್ಮವಳು ನಕ್ಕಳು. ಈ ಸಲ ನಡುವೆ ನಿಲ್ಲಿಸಲಿಲ್ಲ. ಹುಡುಗನ ತಾಯಿ ಆನಂದದಿಂದ ಕಣ್ಣೊರೆಸಿಕೊಂಡು ನನ್ನನ್ನು ತಬ್ಬಿಕೊಂಡರು. ನಾನು ಕಲ್ಲಿನಂತೆ ನಿಂತಿದ್ದೆ.

ತಮ್ಮ ತೀರ್ಪುಗಾರನ ಗತ್ತಿನಲ್ಲಿ ಕೇಳಿದ, "ಹುಡುಗ ಹುಡುಗಿ ಒಪ್ಪಾಯ್ತು. ಹೆಣ್ಣಿನ ಕಡೆಯಿಂದ ಇನ್ನೇನಾದ್ರೂ ಷರತ್ತಿದೆಯಾ?"

"ಒಂದಿದೆ," ಎಂದೆ. "ಮದುವೆ ಊಟದ ಪಂಕ್ತೀಲಿ ಬೀಗಿತ್ತೀನ ನನ್ನ ಪಕ್ಕ ಕೂರಿಸ್ಬಾರ್ದು. ಅವ್ರು ಅಷ್ಟೊತ್ತಿಗೆ ಆರನೇದು ಮುಗಿಸಿರ್ತಾರೆ."